ದೀರ್ಘಕಾಲದ ಇನ್ಸುಲಿನ್ ಚಿಕಿತ್ಸೆಯಲ್ಲಿರುವವರ ಚಾರ್ಟ್‌ಗೆ ಕೋಡ್ ಹಾಕುವ ಕ್ರಮ

ಅಮೆರಿಕದ ಆಸ್ಪತ್ರೆ ಹಾಗೂ ಕ್ಲಿನಿಕ್‌ಗಳ ವಿಮೆ ಕ್ಲೇಮ್‌ಗಳಿಗೆ 2015ರ ಅಕ್ಟೋಬರ್ 1ರಿಂದ ಬಳಕೆಯಲ್ಲಿರುವ ಐಸಿಡಿ-10-ಸಿಎಂ ಎಂಬ ರೋಗಸಂಕೇತಗಳ ಪದ್ಧತಿಯಲ್ಲಿ, ರೋಗಿ ದೀರ್ಘಕಾಲದಿಂದ ಇನ್ಸುಲಿನ್ ತೆಗೆದುಕೊಳ್ಳುತ್ತಿದ್ದಾರೆ ಎಂಬುದನ್ನು ತಿಳಿಸಲು ಇರುವುದು ಒಂದೇ ಕೋಡ್: ಝಡ್79.4. ನೋಡಲು ಇಷ್ಟು ಸರಳವಾದ ಕೋಡ್ ಮತ್ತೊಂದಿಲ್ಲ. ಆದರೂ ಮಧುಮೇಹದ ಚಾರ್ಟ್‌ಗಳ, ಅಂದರೆ ರೋಗಿಗಳ ವೈದ್ಯಕೀಯ ದಾಖಲೆಗಳ, ಆಡಿಟ್‌ನಲ್ಲಿ ಕಣ್ಣಿಗೆ ಬೀಳುವ ತಪ್ಪುಗಳಲ್ಲಿ ಅನೇಕವು ಇದರ ಸುತ್ತಲೇ ಇರುತ್ತವೆ. ಇರಬೇಕಾದ ಕಡೆ ಅದು ಬಿಟ್ಟುಹೋಗಿರುತ್ತದೆ. ಇರಬಾರದ ಕಡೆ ಬಂದು ಕುಳಿತಿರುತ್ತದೆ. ಇಲ್ಲವೇ ಔಷಧಿಪಟ್ಟಿಯಲ್ಲಿ ಇನ್ಸುಲಿನ್ ಕಂಡ ಕೂಡಲೇ ಕೋಡರ್ (ಚಾರ್ಟ್ ಓದಿ ಕೋಡ್ ಹಾಕುವವರು) ಮಧುಮೇಹದ ಟೈಪನ್ನೇ ಊಹಿಸಿಬಿಟ್ಟಿರುತ್ತಾರೆ. ಈ ಕೋಡ್ ಹೇಳುವುದು ಇನ್ಸುಲಿನ್ ಆ ರೋಗಿಯ ನಿತ್ಯದ ಚಿಕಿತ್ಸೆಯಾಗಿದೆ ಎಂಬುದನ್ನು ಮಾತ್ರ. ಇಂದು ಇಂಜೆಕ್ಷನ್ ಕೊಟ್ಟರೇ ಎಂಬುದನ್ನಾಗಲಿ, ಮಧುಮೇಹ ಯಾವ ಬಗೆಯದು ಎಂಬುದನ್ನಾಗಲಿ ಅದು ಹೇಳುವುದಿಲ್ಲ. ಈ ವ್ಯತ್ಯಾಸವನ್ನು ಹಿಡಿದುಕೊಂಡು ಚಾರ್ಟ್ ಓದಿದರೆ ಮುಂದಿನ ಬಹುತೇಕ ಪ್ರಶ್ನೆಗಳು ತಾವಾಗಿಯೇ ಬಗೆಹರಿಯುತ್ತವೆ.

ಈ ಬರಹದಲ್ಲಿ ಕೋಡ್‌ಗಳ ಇಂಗ್ಲಿಷ್ ಅಕ್ಷರಗಳನ್ನು ಉಚ್ಚಾರದಂತೆ ಕನ್ನಡದಲ್ಲಿ ಬರೆದಿದೆ. ಗರ್ಭಿಣಿಯರ ಕೋಡ್‌ಗಳ ಆರಂಭದಲ್ಲಿ ಬರುವ ‘ಓ’ ಅಕ್ಷರವೇ ಹೊರತು ಸೊನ್ನೆಯಲ್ಲ. ಸಾಫ್ಟ್‌ವೇರ್‌ನಲ್ಲಿ ಟೈಪ್ ಮಾಡುವಾಗಲೂ ಇದು ನೆನಪಿರಬೇಕು.

ಮೊದಲು ಮಧುಮೇಹದ ಬಗೆ

ಝಡ್79.4 ಎಂದೂ ಒಂಟಿಯಾಗಿ ನಿಲ್ಲುವ ಕೋಡ್ ಅಲ್ಲ. ಅದಕ್ಕಿಂತ ಮೊದಲು ಮಧುಮೇಹದ ಕೋಡ್ ಬರಬೇಕು, ಆ ಕೋಡ್ ಚಿಕಿತ್ಸಕರ ಬರವಣಿಗೆಯಿಂದಲೇ ಬರಬೇಕು. ಟ್ಯಾಬ್ಯುಲರ್ ಲಿಸ್ಟ್‌ನಲ್ಲಿ, ಅಂದರೆ ಕೋಡ್‌ಗಳನ್ನು ಕ್ರಮವಾಗಿ ಕೊಟ್ಟಿರುವ ಪಟ್ಟಿಯಲ್ಲಿ, ಮಧುಮೇಹಕ್ಕೆ ಐದು ವರ್ಗಗಳಿವೆ: ಬೇರೊಂದು ಕಾಯಿಲೆಯಿಂದ ಬಂದದ್ದು ಇ08, ಔಷಧಿ ಅಥವಾ ರಾಸಾಯನಿಕದಿಂದ ಬಂದದ್ದು ಇ09, ಟೈಪ್ 1 ಇ10, ಟೈಪ್ 2 ಇ11, ಇವುಗಳಲ್ಲಿ ಸೇರದ ಇತರ ನಿರ್ದಿಷ್ಟ ಬಗೆಗಳು ಇ13.

ಹಳೆಯ ವೈದ್ಯರ ಟಿಪ್ಪಣಿಗಳಲ್ಲಿ ಇಂದಿಗೂ ‘ಐಡಿಡಿಎಂ’, ಅಂದರೆ ಇನ್ಸುಲಿನ್ ಅವಲಂಬಿತ ಮಧುಮೇಹ ಎಂಬ ಮಾತು ಕಾಣಿಸುತ್ತದೆ. ಹೊಸಬರು ಇದನ್ನು ಕಂಡೊಡನೆ ಇ10ಕ್ಕೆ ಹೋಗುತ್ತಾರೆ. ಅದು ತಪ್ಪು. ಇನ್ಸುಲಿನ್ ಅವಲಂಬನೆ ಎಂಬುದು ಚಿಕಿತ್ಸೆಯ ವಿವರಣೆಯೇ ಹೊರತು ರೋಗದ ಬಗೆಯಲ್ಲ. ರೋಗದ ಹೆಸರಿನಿಂದ ಕೋಡ್ ಹುಡುಕುವ ಇಂಡೆಕ್ಸ್ ಕೂಡ ಈ ಪದವನ್ನು ಮಧುಮೇಹದ ಬಗೆಗೆ ಅನುಸಾರವಾಗಿ ಕೋಡ್ ಮಾಡಿ ಎಂದೇ ಹೇಳುತ್ತದೆ. ರೋಗಿಯ ವಯಸ್ಸನ್ನೂ ಆಧಾರವಾಗಿ ತೆಗೆದುಕೊಳ್ಳುವಂತಿಲ್ಲ. ಟೈಪ್ 1 ಹೆಚ್ಚಾಗಿ ಚಿಕ್ಕ ವಯಸ್ಸಿನಲ್ಲೇ ಕಾಣಿಸಿಕೊಳ್ಳುತ್ತದೆ ಎಂಬುದು ನಿಜವಾದರೂ ವಯಸ್ಸೊಂದೇ ನಿರ್ಣಾಯಕವಲ್ಲ ಎಂದು ಪದ್ಧತಿಯ ಅಧಿಕೃತ ನಿಯಮಾವಳಿಯಾದ ಗೈಡ್‌ಲೈನ್ ತಿಳಿಸುತ್ತದೆ.

ಚಾರ್ಟ್‌ನಲ್ಲಿ ಬಗೆಯೇ ಇಲ್ಲದಿದ್ದರೆ? ಆಗ ಇ11. ಬಗೆಯನ್ನು ಬರೆಯದೆ ರೋಗಿ ಇನ್ಸುಲಿನ್ ಬಳಸುತ್ತಾರೆ ಎಂದಷ್ಟೇ ಬರೆದಿದ್ದರೂ ಇ11 ಎಂದೇ ಗೈಡ್‌ಲೈನ್‌ನ ಸೆಕ್ಷನ್ ಐ.ಸಿ.4.ಎ ಹೇಳುತ್ತದೆ, ಅದರ ಜತೆಗೆ ಝಡ್79.4 ಕೊಡಬೇಕು. ವೈದ್ಯಕೀಯವಾಗಿ ನೋಡಿದರೆ ಇದು ವಿಚಿತ್ರವೆನಿಸಬಹುದು, ಆದರೆ ಕೋಡರ್ ಆಗಿ ಇದನ್ನು ಪ್ರಶ್ನಿಸುವುದಕ್ಕಿಂತ ಪಾಲಿಸುವುದು ಕ್ಷೇಮ. ಆದರೆ ಮಧುಮೇಹ ಎಂಬ ರೋಗನಿರ್ಣಯವೇ ಚಾರ್ಟ್‌ನಲ್ಲಿ ಎಲ್ಲೂ ಇಲ್ಲದೆ, ಔಷಧಿಪಟ್ಟಿಯಲ್ಲಿ ಮಾತ್ರ ಗ್ಲಾರ್ಜಿನ್ ಎಂಬ ಇನ್ಸುಲಿನ್ ಇದ್ದರೆ ಅದು ಬೇರೆ ಮಾತು. ಔಷಧಿಯಿಂದ ರೋಗವನ್ನು ಊಹಿಸುವ ಅಧಿಕಾರ ಕೋಡರ್‌ಗೆ ಇಲ್ಲ. ಅಂಥ ಚಾರ್ಟ್ ಕ್ವೆರಿಗೆ, ಅಂದರೆ ಚಿಕಿತ್ಸಕರಿಗೆ ಲಿಖಿತ ಪ್ರಶ್ನೆಯಾಗಿ, ಹೋಗಬೇಕು.

ಟೈಪ್ 1ರ ವಿಷಯದಲ್ಲಿ ಒಂದು ಮಾತು. ಇ08, ಇ09, ಇ11, ಇ13 ಈ ನಾಲ್ಕರ ಅಡಿಯಲ್ಲೂ ಸಕ್ಕರೆಯನ್ನು ಯಾವುದರಿಂದ ನಿಯಂತ್ರಿಸಲಾಗುತ್ತಿದೆ ಎಂದು ತಿಳಿಸಲು ಹೆಚ್ಚುವರಿ ಕೋಡ್ ಬಳಸಿ ಎಂಬ ಸೂಚನೆ ಇದೆ. ಇ10ರ ಅಡಿಯಲ್ಲಿ ಅದು ಇಲ್ಲ. ಟೈಪ್ 1 ಇರುವವರು ಇನ್ಸುಲಿನ್ ಇಲ್ಲದೆ ಬದುಕುವುದೇ ಸಾಧ್ಯವಿಲ್ಲದ ಕಾರಣ ಅದನ್ನು ಪ್ರತ್ಯೇಕವಾಗಿ ಹೇಳುವ ಅಗತ್ಯವಿಲ್ಲ. ಕೆಲವು ಕಂಪನಿಗಳ ಆಂತರಿಕ ಚೆಕ್‌ಲಿಸ್ಟ್‌ಗಳು ಇನ್ಸುಲಿನ್ ಕಂಡಲ್ಲೆಲ್ಲ ಝಡ್79.4 ಸೇರಿಸಿ ಎನ್ನುತ್ತವೆ. ಅಂಥ ಚೆಕ್‌ಲಿಸ್ಟ್ ನಿಮ್ಮ ಮುಂದಿದ್ದರೆ ಇ10ರ ಅಡಿಯಲ್ಲಿ ಆ ಸೂಚನೆ ಇಲ್ಲದಿರುವುದನ್ನು ತೋರಿಸಿ ತಿದ್ದಿಸುವುದು ಒಳ್ಳೆಯದು.

ನಿತ್ಯದ ಚಿಕಿತ್ಸೆಯೋ, ತಾತ್ಕಾಲಿಕವೋ

ಸೆಕ್ಷನ್ ಐ.ಸಿ.4.ಎ.3ರಲ್ಲಿರುವ ಒಂದು ವಾಕ್ಯವನ್ನು ಬಾಯಿಪಾಠ ಮಾಡಿಕೊಳ್ಳುವುದು ಉತ್ತಮ: ಟೈಪ್ 2 ರೋಗಿಯ ಸಕ್ಕರೆಯನ್ನು ಹತೋಟಿಗೆ ತರಲು ಆ ಭೇಟಿಯಲ್ಲಿ ತಾತ್ಕಾಲಿಕವಾಗಿ ಇನ್ಸುಲಿನ್ ಕೊಟ್ಟಿದ್ದರೆ ಝಡ್79.4 ಹಾಕಬಾರದು. ಆಸ್ಪತ್ರೆಯ ಒಳರೋಗಿಗಳ ಚಾರ್ಟ್‌ನಲ್ಲಿ ಈ ಸನ್ನಿವೇಶ ಮತ್ತೆ ಮತ್ತೆ ಎದುರಾಗುತ್ತದೆ. ಉದಾಹರಣೆಗೆ, ಮನೆಯಲ್ಲಿ ಮೆಟ್‌ಫಾರ್ಮಿನ್ ಮಾತ್ರೆ ಮಾತ್ರ ನುಂಗುವ ಟೈಪ್ 2 ರೋಗಿ ನ್ಯುಮೋನಿಯಾದಿಂದ ದಾಖಲಾಗುತ್ತಾರೆ. ಸೋಂಕಿನ ಒತ್ತಡಕ್ಕೆ ಸಕ್ಕರೆ ಏರುತ್ತದೆ, ವಾರ್ಡ್‌ನಲ್ಲಿ ಮೆಟ್‌ಫಾರ್ಮಿನ್ ನಿಲ್ಲಿಸಿ ಸ್ಲೈಡಿಂಗ್ ಸ್ಕೇಲ್ (ಆಗಿನ ಸಕ್ಕರೆ ಮಟ್ಟಕ್ಕೆ ತಕ್ಕ ಡೋಸ್) ಪ್ರಕಾರ ಲಿಸ್ಪ್ರೋ ಇನ್ಸುಲಿನ್ ಕೊಡುತ್ತಾರೆ. ಔಷಧಿ ನೀಡಿಕೆಯ ದಾಖಲೆಯ ಪುಟ ಪುಟದಲ್ಲೂ ಇನ್ಸುಲಿನ್ ಇರುತ್ತದೆ. ಡಿಸ್ಚಾರ್ಜ್ ಆಗುವಾಗ ಮತ್ತೆ ಮೆಟ್‌ಫಾರ್ಮಿನ್ ಬರೆದು ಕಳಿಸುತ್ತಾರೆ. ಇಲ್ಲಿ ಬರುವುದು ನ್ಯುಮೋನಿಯಾದ ಜೆ18.9, ಇ11 ವರ್ಗದ ಕೋಡ್ ಮತ್ತು ಬಾಯಿಯ ಮೂಲಕ ತೆಗೆದುಕೊಳ್ಳುವ ಮಧುಮೇಹದ ಔಷಧಿಗಳ ದೀರ್ಘಕಾಲದ ಬಳಕೆಯನ್ನು ಸೂಚಿಸುವ ಝಡ್79.84. ಇನ್ಸುಲಿನ್‌ಗೆ ಕೋಡ್ ಇಲ್ಲ.

ಆದ್ದರಿಂದ ಒಳರೋಗಿಯ ಚಾರ್ಟ್‌ನಲ್ಲಿ ಮೊದಲು ತೆರೆಯಬೇಕಾದದ್ದು ದಾಖಲಾದಾಗ ಬರೆದುಕೊಂಡ ಮನೆಯ ಔಷಧಿಗಳ ಪಟ್ಟಿ, ಆಮೇಲೆ ಡಿಸ್ಚಾರ್ಜ್ ಔಷಧಿಗಳ ಪಟ್ಟಿ. ನಡುವಿನ ದಿನಗಳಲ್ಲಿ ಏನು ಕೊಟ್ಟರು ಎಂಬುದು ಈ ಕೋಡ್‌ನ ಮಟ್ಟಿಗೆ ಅಷ್ಟು ಮುಖ್ಯವಲ್ಲ. ಎರಡೂ ಪಟ್ಟಿಗಳಲ್ಲಿ ಇನ್ಸುಲಿನ್ ಇದ್ದರೆ ಅನುಮಾನವೇ ಇಲ್ಲ. ಮೊದಲ ಪಟ್ಟಿಯಲ್ಲಿ ಇಲ್ಲದೆ ಡಿಸ್ಚಾರ್ಜ್ ಪಟ್ಟಿಯಲ್ಲಿ ಹೊಸದಾಗಿ ಸೇರಿದ್ದರೆ ಚಿಕಿತ್ಸಕರ ಟಿಪ್ಪಣಿ ನೋಡಬೇಕು: ಮಾತ್ರೆ ಸಾಲದ ಕಾರಣ ಇನ್ನು ಮುಂದೆ ಇನ್ಸುಲಿನ್ ಎಂದು ಬರೆದಿದ್ದರೆ ಅದು ತಾತ್ಕಾಲಿಕವಲ್ಲ, ಸೋಂಕು ಇಳಿಯುವವರೆಗೆ ಕೆಲವು ದಿನ ಎಂದಿದ್ದರೆ ತಾತ್ಕಾಲಿಕವೇ. ಏನೂ ಬರೆಯದಿದ್ದರೆ ಕೇಳಬೇಕು. ಒಳರೋಗಿ ಕ್ಲೇಮ್‌ನಲ್ಲಿ ದಾಖಲಾಗುವಾಗಲೇ ಇತ್ತೇ ಎಂದು ತಿಳಿಸುವ ಪಿಒಎ ಗುರುತು ಝಡ್79 ವರ್ಗಕ್ಕೆ ಬೇಕಿಲ್ಲ, ಅದು ವಿನಾಯಿತಿ ಪಟ್ಟಿಯಲ್ಲಿದೆ.

ಒಂದಕ್ಕಿಂತ ಹೆಚ್ಚು ಔಷಧಿಗಳಿದ್ದಾಗ

ಈಗ ಚಾಲ್ತಿಯಲ್ಲಿರುವ ನಿಯಮದಂತೆ ರೋಗಿ ಎಷ್ಟು ಬಗೆಯ ಮಧುಮೇಹದ ಔಷಧಿಗಳನ್ನು ನಿತ್ಯವೂ ಬಳಸುತ್ತಾರೋ ಅಷ್ಟಕ್ಕೂ ಕೋಡ್ ಕೊಡಬೇಕು. ಇನ್ಸುಲಿನ್ ಮತ್ತು ಮಾತ್ರೆ ಎರಡೂ ಇದ್ದರೆ ಝಡ್79.4 ಮತ್ತು ಝಡ್79.84. ಇನ್ಸುಲಿನ್ ಅಲ್ಲದ ಇಂಜೆಕ್ಷನ್ ಇದ್ದರೆ ಝಡ್79.85. ಮೂರೂ ಇದ್ದರೆ ಮೂರೂ.

ಗೊಂದಲ ಹುಟ್ಟುವುದು ಔಷಧಿಗಳ ಹೆಸರಿನಲ್ಲಿ. ಗ್ಲಾರ್ಜಿನ್, ಡೆಟಿಮಿರ್, ಡೆಗ್ಲುಡೆಕ್, ಲಿಸ್ಪ್ರೋ, ಆಸ್ಪಾರ್ಟ್, ಎನ್‌ಪಿಎಚ್, ರೆಗ್ಯುಲರ್ ಇವೆಲ್ಲ ಇನ್ಸುಲಿನ್. ಲಿರಾಗ್ಲುಟೈಡ್, ಡುಲಾಗ್ಲುಟೈಡ್, ಎಕ್ಸೆನಟೈಡ್, ಟಿರ್ಝೆಪಟೈಡ್ ಪೆನ್ ಮೂಲಕವೇ ಚುಚ್ಚಿಕೊಳ್ಳುವಂಥವಾದರೂ ಇನ್ಸುಲಿನ್ ಅಲ್ಲ. ಪ್ರಾಮ್ಲಿಂಟೈಡ್ ಕೂಡ ಅಲ್ಲ, ಊಟದ ಹೊತ್ತಿನ ಇನ್ಸುಲಿನ್ ಜತೆಗೇ ಅದನ್ನು ಬರೆಯುವುದರಿಂದ ಕಣ್ಣು ತಪ್ಪುವ ಸಾಧ್ಯತೆ ಹೆಚ್ಚು. ಸೆಮಾಗ್ಲುಟೈಡ್ ಎರಡು ರೂಪಗಳಲ್ಲಿ ಬರುತ್ತದೆ: ಒಝೆಂಪಿಕ್ ಇಂಜೆಕ್ಷನ್ ಆದರೆ ಝಡ್79.85, ರೈಬೆಲ್ಸಸ್ ಮಾತ್ರೆಯಾದರೆ ಝಡ್79.84. ಅಣು ಒಂದೇ ಆದರೂ ತೆಗೆದುಕೊಳ್ಳುವ ದಾರಿಯ ಪ್ರಕಾರ ಕೋಡ್ ಬದಲಾಗುತ್ತದೆ. ಸೊಲಿಕ್ವಾ ಎಂಬ ಪೆನ್‌ನಲ್ಲಿ ಗ್ಲಾರ್ಜಿನ್ ಮತ್ತು ಲಿಕ್ಸಿಸೆನಟೈಡ್ ಎರಡೂ ಇವೆ. ಝುಲ್ಟೋಫೈನಲ್ಲಿ ಡೆಗ್ಲುಡೆಕ್ ಮತ್ತು ಲಿರಾಗ್ಲುಟೈಡ್ ಇವೆ. ಪಟ್ಟಿಯಲ್ಲಿ ಒಂದೇ ಸಾಲು ಕಂಡರೂ ಒಳಗೆ ಎರಡು ಔಷಧಿಗಳಿರುವುದರಿಂದ ಝಡ್79.4 ಮತ್ತು ಝಡ್79.85 ಎರಡೂ ಸಲ್ಲುತ್ತವೆ. ಅಫ್ರೆಝಾ ಉಸಿರಿನ ಮೂಲಕ ಎಳೆದುಕೊಳ್ಳುವ ಇನ್ಸುಲಿನ್ ಪುಡಿ. ಸೂಜಿ ಇಲ್ಲ ಎಂದ ಮಾತ್ರಕ್ಕೆ ಅದು ಇನ್ಸುಲಿನ್ ಅಲ್ಲ ಎಂದಾಗುವುದಿಲ್ಲ.

ಒಂದು ಚಾರ್ಟ್ ಅನ್ನು ಪೂರ್ತಿ ಓದೋಣ

ಹೊರರೋಗಿ ಭೇಟಿಯ ಟಿಪ್ಪಣಿಯೊಂದನ್ನು ಕಲ್ಪಿಸಿಕೊಳ್ಳಿ. 58 ವರ್ಷದ ರೋಗಿ. ಟೈಪ್ 2 ಮಧುಮೇಹ, ನಿಯಂತ್ರಣ ಚೆನ್ನಾಗಿಲ್ಲ ಎಂದು ವೈದ್ಯರು ಬರೆದಿದ್ದಾರೆ. ಎಚ್‌ಬಿಎ1ಸಿ (ಸುಮಾರು ಮೂರು ತಿಂಗಳ ಸಕ್ಕರೆಯ ಸರಾಸರಿ ತೋರಿಸುವ ಪರೀಕ್ಷೆ) 9.2. ರಕ್ತದೊತ್ತಡ ಇದೆ, ದೀರ್ಘಕಾಲದ ಮೂತ್ರಪಿಂಡ ಕಾಯಿಲೆ 3ಎ ಹಂತದಲ್ಲಿದೆ. ರಾತ್ರಿ 24 ಯೂನಿಟ್ ಗ್ಲಾರ್ಜಿನ್, ದಿನಕ್ಕೆ ಎರಡು ಬಾರಿ ಮೆಟ್‌ಫಾರ್ಮಿನ್, ರಕ್ತದೊತ್ತಡಕ್ಕೆ ಲಿಸಿನೊಪ್ರಿಲ್. ಗ್ಲಾರ್ಜಿನ್ ಪ್ರಮಾಣವನ್ನು 28ಕ್ಕೆ ಏರಿಸಲಾಗಿದೆ.

ಮೂತ್ರಪಿಂಡ ಕಾಯಿಲೆ ಮಧುಮೇಹದಿಂದಲೇ ಬಂತು ಎಂದು ವೈದ್ಯರು ಎಲ್ಲಿಯೂ ಬರೆದಿಲ್ಲ. ಆದರೂ ಮಧುಮೇಹದಿಂದಾದ ಮೂತ್ರಪಿಂಡ ಕಾಯಿಲೆಯನ್ನು ಸೂಚಿಸುವ ಇ11.22 ಸಲ್ಲುತ್ತದೆ, ಏಕೆಂದರೆ ಇಂಡೆಕ್ಸ್‌ನಲ್ಲಿ ಮಧುಮೇಹದ ಅಡಿಯಲ್ಲಿ ‘ವಿತ್’ ಎಂಬ ಪದದ ಕೆಳಗೆ ಬರುವ ಕಾಯಿಲೆಗಳ ನಡುವೆ ಸಂಬಂಧವಿದೆ ಎಂದು ಪದ್ಧತಿಯೇ ಭಾವಿಸುತ್ತದೆ. ಸಂಬಂಧವಿಲ್ಲ ಎಂದು ವೈದ್ಯರು ಸ್ಪಷ್ಟವಾಗಿ ಬರೆದಿದ್ದರೆ ಮಾತ್ರ ಬಿಡಬೇಕು. ರಕ್ತದೊತ್ತಡ ಮತ್ತು ಮೂತ್ರಪಿಂಡ ಕಾಯಿಲೆಯ ನಡುವೆಯೂ ಇದೇ ನಿಯಮ ಇರುವುದರಿಂದ ರಕ್ತದೊತ್ತಡವೊಂದನ್ನೇ ಹೇಳುವ ಐ10 ಬದಲು ಎರಡನ್ನೂ ಸೇರಿಸಿ ಹೇಳುವ ಐ12.9 ಬರುತ್ತದೆ. ಹಂತವನ್ನು ಎನ್18.31 ತಿಳಿಸುತ್ತದೆ. 2020ರ ಅಕ್ಟೋಬರ್‌ನಿಂದ 3ನೇ ಹಂತವನ್ನು 3ಎ ಮತ್ತು 3ಬಿ ಎಂದು ಒಡೆದಿರುವುದರಿಂದ ಹಂತದ ಅಕ್ಷರವನ್ನು ಗಮನಿಸದೆ ಎನ್18.30 ಹಾಕುವುದು ಅರ್ಧ ಕೆಲಸ.

ಇನ್ನು ಸಕ್ಕರೆ. 9.2 ಎಂಬ ಸಂಖ್ಯೆಯನ್ನು ನೋಡಿ ಕೋಡರ್ ಸಕ್ಕರೆ ಏರಿಕೆಯನ್ನು ಸೂಚಿಸುವ ಇ11.65 ಹಾಕುವಂತಿಲ್ಲ, ಲ್ಯಾಬ್ ಫಲಿತಾಂಶಕ್ಕೆ ಅರ್ಥ ಹಚ್ಚುವುದು ಚಿಕಿತ್ಸಕರ ಕೆಲಸ. ಆದರೆ ನಿಯಂತ್ರಣ ಚೆನ್ನಾಗಿಲ್ಲ ಎಂಬ ಮಾತು ಇರುವುದರಿಂದ ಇ11.65 ಸಲ್ಲುತ್ತದೆ: ಇಂಡೆಕ್ಸ್‌ನಲ್ಲಿ ‘ಪೂರ್ಲಿ ಕಂಟ್ರೋಲ್ಡ್’, ‘ಇನ್‌ಅಡಿಕ್ವೆಟ್ಲಿ ಕಂಟ್ರೋಲ್ಡ್’, ‘ಔಟ್ ಆಫ್ ಕಂಟ್ರೋಲ್’ ಮೂರೂ ಹೈಪರ್‌ಗ್ಲೈಸೀಮಿಯಾಕ್ಕೆ, ಅಂದರೆ ಸಕ್ಕರೆ ಏರಿಕೆಗೆ, ಒಯ್ಯುತ್ತವೆ. ‘ಅನ್‌ಕಂಟ್ರೋಲ್ಡ್’ ಎಂಬ ಪದ ಮಾತ್ರ ಹಾಗಲ್ಲ. ಸಕ್ಕರೆ ಹೆಚ್ಚಾಗಿರುವುದನ್ನೂ ಕಡಿಮೆಯಾಗಿರುವುದನ್ನೂ ವೈದ್ಯರು ಅದೇ ಪದದಿಂದ ಸೂಚಿಸಬಹುದಾದ್ದರಿಂದ ಯಾವುದು ಎಂದು ಟಿಪ್ಪಣಿಯಲ್ಲಿ ಇಲ್ಲದಿದ್ದರೆ ಕೇಳಲೇಬೇಕು.

ಕೊನೆಯಲ್ಲಿ ಝಡ್79.4 ಮತ್ತು ಝಡ್79.84. ಹೀಗೆ ಈ ಭೇಟಿಗೆ ಇ11.22, ಐ12.9, ಎನ್18.31, ಇ11.65, ಝಡ್79.4, ಝಡ್79.84 ಎಂಬ ಆರು ಕೋಡ್‌ಗಳಾಗುತ್ತವೆ. ಮಧುಮೇಹದ ವರ್ಗದಿಂದ ಎಷ್ಟು ತೊಡಕುಗಳಿವೆಯೋ ಅಷ್ಟು ಕೋಡ್‌ಗಳನ್ನು ತೆಗೆದುಕೊಳ್ಳಬಹುದು, ಒಂದಕ್ಕೇ ನಿಲ್ಲಬೇಕಿಲ್ಲ. ಆದರೆ ತೊಡಕಿನ ಕೋಡ್ ಬಂದ ಮೇಲೆ ‘ತೊಡಕಿಲ್ಲದ’ ಎಂಬ ಅರ್ಥದ ಇ11.9 ಜತೆಯಲ್ಲಿ ಉಳಿಯಬಾರದು.

ಗರ್ಭಿಣಿಯರಲ್ಲಿ

ಗರ್ಭಾವಸ್ಥೆಯಲ್ಲಿ ಓ24 ವರ್ಗದ ಕೋಡ್‌ಗಳೇ ಮೊದಲು ಬರಬೇಕು. ಇಲ್ಲಿ ಕೇಳಬೇಕಾದ ಪ್ರಶ್ನೆ, ಮಧುಮೇಹ ಗರ್ಭ ಧರಿಸುವ ಮೊದಲೇ ಇತ್ತೇ ಎಂಬುದು. ಇದ್ದರೆ, ಉದಾಹರಣೆಗೆ ಎರಡನೇ ತ್ರೈಮಾಸಿಕದಲ್ಲಿರುವ ಟೈಪ್ 2 ರೋಗಿ ಇನ್ಸುಲಿನ್ ತೆಗೆದುಕೊಳ್ಳುತ್ತಿದ್ದರೆ, ಓ24.112, ಅದರ ಹಿಂದೆ ಇ11 ವರ್ಗದ ಸೂಕ್ತ ಕೋಡ್, ಅದರ ಹಿಂದೆ ಝಡ್79.4.

ಗರ್ಭಾವಸ್ಥೆಯಲ್ಲೇ ಹುಟ್ಟಿಕೊಂಡ ಮಧುಮೇಹದಲ್ಲಿ ನಿಯಮ ತಿರುಗುತ್ತದೆ. ಓ24.410 ಎಂದರೆ ಪಥ್ಯದಿಂದ ನಿಯಂತ್ರಣ, ಓ24.414 ಎಂದರೆ ಇನ್ಸುಲಿನ್‌ನಿಂದ, ಓ24.415 ಎಂದರೆ ಮಾತ್ರೆಯಿಂದ. ಚಿಕಿತ್ಸೆ ಯಾವುದೆಂಬುದು ಕೋಡ್‌ನಲ್ಲೇ ಅಡಕವಾಗಿರುವುದರಿಂದ ಝಡ್79.4 ಸೇರಿಸಬಾರದು ಎಂದು ಗೈಡ್‌ಲೈನ್ ನೇರವಾಗಿಯೇ ಹೇಳುತ್ತದೆ. ಪಥ್ಯ ಮತ್ತು ಇನ್ಸುಲಿನ್ ಎರಡೂ ನಡೆಯುತ್ತಿದ್ದರೆ ಇನ್ಸುಲಿನ್‌ನ ಕೋಡ್ ಮಾತ್ರ. ಹೆರಿಗೆಯ ದಾಖಲಾತಿಯಾದರೆ ಓ24.424, ಬಾಣಂತನದ ಅವಧಿಯಲ್ಲಾದರೆ ಓ24.434.

ಸಕ್ಕರೆ ಕುಸಿದಾಗ, ಡೋಸ್ ತಪ್ಪಿದಾಗ, ಪಂಪ್ ಕೆಟ್ಟಾಗ

ಇನ್ಸುಲಿನ್ ಬಳಸುವವರ ಚಾರ್ಟ್‌ನಲ್ಲಿ ಅತ್ಯಂತ ಎಚ್ಚರಿಕೆ ಬೇಡುವ ಭಾಗ ಇದು. ಇನ್ಸುಲಿನ್‌ಗೆ ಸಂಬಂಧಿಸಿದ ಟಿ38.3ಎಕ್ಸ್ ಕೋಡ್‌ನ ಆರನೇ ಸ್ಥಾನದ ಅಂಕಿ ಒಂದು ಬದಲಾದರೆ ಇಡೀ ಘಟನೆಯ ಅರ್ಥವೇ ಬದಲಾಗುತ್ತದೆ: 5 ಎಂದರೆ ಔಷಧಿಯನ್ನು ಸರಿಯಾಗಿ ತೆಗೆದುಕೊಂಡರೂ ಆದ ಅಡ್ಡಪರಿಣಾಮ, 1 ಎಂದರೆ ಆಕಸ್ಮಿಕವಾಗಿ ತಪ್ಪಾಗಿ ಅಥವಾ ಹೆಚ್ಚಾಗಿ ತೆಗೆದುಕೊಂಡದ್ದು, 6 ಎಂದರೆ ಹೇಳಿದ್ದಕ್ಕಿಂತ ಕಡಿಮೆ ತೆಗೆದುಕೊಂಡದ್ದು. ಏಳನೇ ಸ್ಥಾನದಲ್ಲಿ ಸಕ್ರಿಯ ಚಿಕಿತ್ಸೆ ನಡೆಯುತ್ತಿರುವ ಭೇಟಿಗೆ ‘ಎ’ ಬರುತ್ತದೆ.

ಎರಡು ಸನ್ನಿವೇಶಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಿದರೆ ವ್ಯತ್ಯಾಸ ಸ್ಪಷ್ಟವಾಗುತ್ತದೆ. ಟೈಪ್ 2 ರೋಗಿ ವೈದ್ಯರು ಹೇಳಿದಷ್ಟೇ ಇನ್ಸುಲಿನ್ ಚುಚ್ಚಿಕೊಂಡಿದ್ದಾರೆ, ಆದರೂ ಸಕ್ಕರೆ ಇಳಿದು ಬೆವತು ನಡುಗುತ್ತ ತುರ್ತು ವಿಭಾಗಕ್ಕೆ ಬಂದಿದ್ದಾರೆ, ಪ್ರಜ್ಞೆ ಇದೆ, ಇದು ಇನ್ಸುಲಿನ್‌ನ ಪರಿಣಾಮವೆಂದು ವೈದ್ಯರು ಬರೆದಿದ್ದಾರೆ. ಇದಕ್ಕೆ ಕೋಮಾ ಇಲ್ಲದ ಸಕ್ಕರೆ ಕುಸಿತದ ಇ11.649, ನಂತರ ಟಿ38.3ಎಕ್ಸ್5ಎ, ನಂತರ ಝಡ್79.4. ಅದೇ ರೋಗಿ ರಾತ್ರಿಯ ಡೋಸ್ ತೆಗೆದುಕೊಂಡದ್ದನ್ನು ಮರೆತು ಮತ್ತೊಮ್ಮೆ ಚುಚ್ಚಿಕೊಂಡಿದ್ದರೆ ಅದು ವಿಷಬಾಧೆಯ ಲೆಕ್ಕ, ಆಗ ಟಿ38.3ಎಕ್ಸ್1ಎ ಮೊದಲು, ಇ11.649 ಅದರ ಹಿಂದೆ. ಕೋಮಾಕ್ಕೆ ಹೋಗಿದ್ದರೆ ಇ11.641. 2024ರ ಅಕ್ಟೋಬರ್ 1ರಿಂದ ಹೈಪೊಗ್ಲೈಸೀಮಿಯಾದ, ಅಂದರೆ ಸಕ್ಕರೆ ಕುಸಿತದ, ಮಟ್ಟವನ್ನು ತಿಳಿಸಲು ಇ16.ಎ1, ಇ16.ಎ2, ಇ16.ಎ3 ಎಂಬ ಹೆಚ್ಚುವರಿ ಕೋಡ್‌ಗಳು ಬಂದಿವೆ. ವೈದ್ಯಕೀಯವಾಗಿ ಸಕ್ಕರೆ ಡೆಸಿಲೀಟರ್‌ಗೆ 70 ಮಿಲಿಗ್ರಾಂಗಿಂತ ಕೆಳಗಿದ್ದು 54ಕ್ಕಿಂತ ಕಡಿಮೆಯಾಗದಿದ್ದರೆ ಮೊದಲ ಮಟ್ಟ, 54ಕ್ಕಿಂತ ಕೆಳಗೆ ಎರಡನೆಯದು, ಬೇರೆಯವರ ಸಹಾಯ ಬೇಕಾಗುವಷ್ಟು ಮನಸ್ಸು ಅಥವಾ ದೇಹದ ಸ್ಥಿತಿ ಕೆಟ್ಟರೆ ಮೂರನೆಯದು. ಗ್ಲುಕೋಮೀಟರ್‌ನ ಸಂಖ್ಯೆಯಿಂದ ಮಟ್ಟವನ್ನು ನೀವೇ ನಿರ್ಧರಿಸಬೇಡಿ, ಚಿಕಿತ್ಸಕರು ಬರೆದಿರಬೇಕು.

ಕಡಿಮೆ ಡೋಸ್‌ನ ಕೋಡ್ ಎಂದಿಗೂ ಮೊದಲ ಸ್ಥಾನಕ್ಕೆ ಬರುವಂತಿಲ್ಲ. ಹಣದ ತೊಂದರೆಯಿಂದ ಇನ್ಸುಲಿನ್ ಅನ್ನು ಅರ್ಧಕ್ಕೆ ಇಳಿಸಿ ಸಕ್ಕರೆ ಏರಿಸಿಕೊಂಡ ಟೈಪ್ 2 ರೋಗಿಗೆ ಇ11.65, ಟಿ38.3ಎಕ್ಸ್6ಎ, ಕಾರಣವನ್ನು ಹೇಳುವ ಝಡ್91.120, ಮತ್ತು ಝಡ್79.4. ಕಾರಣದ ಕೋಡ್ ಅನ್ನು ಅನೇಕರು ಬಿಟ್ಟುಬಿಡುತ್ತಾರೆ. ಔಷಧಿಯ ಬೆಲೆಗೆ ಹೆದರಿ ಡೋಸ್ ಕಡಿಮೆ ಮಾಡಿದ್ದಕ್ಕೂ ಮರೆವಿನಿಂದ ತಪ್ಪಿದ್ದಕ್ಕೂ ಬೇರೆ ಬೇರೆ ಕೋಡ್‌ಗಳಿರುವಾಗ, ಟಿಪ್ಪಣಿಯಲ್ಲಿ ಇರುವ ಆ ಒಂದು ಸಾಲನ್ನು ದಾಟಿಹೋಗುವುದು ಸರಿಯಲ್ಲ.

ಇನ್ಸುಲಿನ್ ಪಂಪ್ ಬಳಸುವವರಿಗೆ ಝಡ್96.41, ಪಂಪ್ ಅಳವಡಿಸಲು ಅಥವಾ ಹೊಂದಿಸಲೆಂದೇ ಬಂದ ಭೇಟಿಗೆ ಝಡ್46.81. ಪಂಪ್ ಕೆಟ್ಟು ಇನ್ಸುಲಿನ್ ಸಾಕಷ್ಟು ಹೋಗದೆ ತೊಂದರೆಯಾದರೆ ಯಾಂತ್ರಿಕ ತೊಡಕಿನ ಕೋಡ್ ಮೊದಲ ಸ್ಥಾನಕ್ಕೆ ಬರುತ್ತದೆ. ಪಂಪ್ ನಿಂತುಹೋಗಿ ಕೀಟೊಆಸಿಡೋಸಿಸ್‌ನಿಂದ (ಇನ್ಸುಲಿನ್ ಕೊರತೆಯಿಂದ ರಕ್ತದಲ್ಲಿ ಆಮ್ಲ ಹೆಚ್ಚುವ ಸ್ಥಿತಿ) ಬಂದ, ಕೋಮಾದಲ್ಲಿಲ್ಲದ ಟೈಪ್ 1 ರೋಗಿಗೆ ಟಿ85.614ಎ, ಟಿ38.3ಎಕ್ಸ್6ಎ, ಇ10.10 ಎಂಬುದು ಅನುಕ್ರಮ. ರೋಗಿಯ ಸ್ಥಿತಿ ಗಂಭೀರವಾಗಿರುವುದು ಕೀಟೊಆಸಿಡೋಸಿಸ್‌ನಿಂದ ಎಂದು ಇ10.10 ಅನ್ನು ಮೇಲಕ್ಕೆ ತರುವ ಮನಸ್ಸಾಗುತ್ತದೆ, ಆದರೆ ಸೆಕ್ಷನ್ ಐ.ಸಿ.4.ಎ.5 ಅದಕ್ಕೆ ಅವಕಾಶ ಕೊಡುವುದಿಲ್ಲ. ಪಂಪ್ ಹೆಚ್ಚು ಇನ್ಸುಲಿನ್ ಬಿಟ್ಟಿದ್ದರೆ ಎರಡನೇ ಸ್ಥಾನದಲ್ಲಿ ಟಿ38.3ಎಕ್ಸ್1ಎ. ಪಂಪ್ ಇದೆ ಎಂಬುದು ತೊಡಕಿನ ಕೋಡ್‌ನಲ್ಲೇ ಬಂದಿರುವುದರಿಂದ ಝಡ್96.41 ಮತ್ತೆ ಬೇಕಿಲ್ಲ. ಪಂಪ್ ಜಾರಿದ್ದಕ್ಕೆ ಟಿ85.624, ಸೋರಿದ್ದಕ್ಕೆ ಟಿ85.633 ಬೇರೆಯೇ ಇವೆ. ಟಿಪ್ಪಣಿಯಲ್ಲಿ ಏನಾಯಿತೆಂದು ಬರೆದಿದ್ದಾರೋ ಅದನ್ನೇ ಆರಿಸಿಕೊಳ್ಳಬೇಕು.

ಬೇರೆ ಕಾರಣದಿಂದ ಬಂದ ಮಧುಮೇಹ

ಇಲ್ಲಿ ಅನುಕ್ರಮವೇ ಮುಖ್ಯ. ಇ08ರಲ್ಲಿ ಮೂಲ ಕಾಯಿಲೆ ಮೊದಲು ಬರಬೇಕು, ಉದಾಹರಣೆಗೆ ಸಿಸ್ಟಿಕ್ ಫೈಬ್ರೋಸಿಸ್. ಮೇದೋಜೀರಕ ಗ್ರಂಥಿಯನ್ನು ಶಸ್ತ್ರಚಿಕಿತ್ಸೆಯಿಂದ ತೆಗೆದ ಮೇಲೆ ಬಂದ ಮಧುಮೇಹಕ್ಕೆ ಶಸ್ತ್ರಚಿಕಿತ್ಸೆಯ ನಂತರದ ಇನ್ಸುಲಿನ್ ಕೊರತೆಯ ಇ89.1, ಇ13 ವರ್ಗದ ಕೋಡ್, ಗ್ರಂಥಿಯನ್ನು ಪೂರ್ತಿ ತೆಗೆದಿದ್ದರೆ ಝಡ್90.410, ಭಾಗಶಃ ಆದರೆ ಝಡ್90.411, ಇನ್ಸುಲಿನ್ ನಿತ್ಯವೂ ಇದ್ದರೆ ಝಡ್79.4. ರೋಗಿಗೆ ದೇಹದಲ್ಲಿ ಇನ್ಸುಲಿನ್ ಉತ್ಪತ್ತಿಯೇ ಇಲ್ಲ ಎಂದು ಇ10 ಹಾಕುವವರಿದ್ದಾರೆ. ಟೈಪ್ 1 ಎಂದರೆ ಅದಲ್ಲ.

ಸ್ಟೀರಾಯ್ಡ್‌ನ ವಿಷಯದಲ್ಲಿ ಎರಡು ಸ್ಥಿತಿಗಳನ್ನು ಬೇರೆಯಾಗಿ ಕಾಣಬೇಕು. ಸ್ಟೀರಾಯ್ಡ್‌ನಿಂದ ಮಧುಮೇಹ ಬಂದಿದೆ ಎಂದು ಬರೆದಿದ್ದರೆ ಇ09 ವರ್ಗದ ಕೋಡ್, ಸ್ಟೀರಾಯ್ಡ್‌ನ ಅಡ್ಡಪರಿಣಾಮದ ಟಿ38.0ಎಕ್ಸ್5ಎ, ಸ್ಟೀರಾಯ್ಡ್ ದೀರ್ಘಕಾಲದ್ದಾದರೆ ಝಡ್79.52, ಇನ್ಸುಲಿನ್ ನಿತ್ಯದ್ದಾದರೆ ಝಡ್79.4. ಮಧುಮೇಹವಿಲ್ಲದ ರೋಗಿಗೆ ಸ್ಟೀರಾಯ್ಡ್ ಕೊಟ್ಟಾಗ ಸಕ್ಕರೆ ಏರಿತು ಎಂದಷ್ಟೇ ಬರೆದಿದ್ದರೆ ಸಕ್ಕರೆ ಏರಿಕೆಯ ಆರ್73.9 ಮತ್ತು ಟಿ38.0ಎಕ್ಸ್5ಎ ಸಾಕು, ಅದನ್ನು ಇಳಿಸಲು ಕೊಟ್ಟ ಇನ್ಸುಲಿನ್‌ಗೆ ಝಡ್ ಕೋಡ್ ಇಲ್ಲ.

ಕ್ವೆರಿ ಬರೆಯುವ ರೀತಿ

ಕ್ವೆರಿಯಲ್ಲಿ ಉತ್ತರವನ್ನು ಬಾಯಿಗೆ ತುರುಕಬಾರದು. ‘ರೋಗಿಗೆ ಟೈಪ್ 2 ಎಂದು ಬರೆದುಕೊಡಿ’ ಎನ್ನುವುದು ಒತ್ತಾಯ. ಅದರ ಬದಲು ಚಾರ್ಟ್‌ನಲ್ಲಿ ಇರುವುದನ್ನು ಮೊದಲು ಮುಂದಿಡಬೇಕು: ‘ಮೊದಲ ದಿನದ ಟಿಪ್ಪಣಿಯಲ್ಲಿ ಟೈಪ್ 1 ಎಂದೂ ಡಿಸ್ಚಾರ್ಜ್ ಸಮ್ಮರಿಯಲ್ಲಿ ಟೈಪ್ 2 ಎಂದೂ ಇದೆ. ಮನೆಯ ಔಷಧಿಗಳಲ್ಲಿ ಡೆಗ್ಲುಡೆಕ್ ಮತ್ತು ಮೆಟ್‌ಫಾರ್ಮಿನ್ ಇವೆ. ತಮ್ಮ ವೈದ್ಯಕೀಯ ತೀರ್ಮಾನದ ಪ್ರಕಾರ ಮಧುಮೇಹದ ಬಗೆಯನ್ನು ದಯವಿಟ್ಟು ಸ್ಪಷ್ಟಪಡಿಸಿ.’ ಅದರ ಕೆಳಗೆ ಟೈಪ್ 1, ಟೈಪ್ 2, ಇತರ, ನಿರ್ಧರಿಸಲು ಸಾಧ್ಯವಿಲ್ಲ ಎಂಬ ಆಯ್ಕೆಗಳು. ಯಾವ ಉತ್ತರಕ್ಕೆ ಕ್ಲೇಮ್‌ನ ಮೊತ್ತ ಹೆಚ್ಚು ಎಂಬ ಮಾತು ಕ್ವೆರಿಯಲ್ಲಿ ಎಲ್ಲೂ ಬರಬಾರದು. ಹೊಸದಾಗಿ ಬರೆದ ಇನ್ಸುಲಿನ್ ಮುಂದುವರಿಯುತ್ತದೆಯೇ, ತಾತ್ಕಾಲಿಕವೇ ಎಂಬ ಪ್ರಶ್ನೆಗೂ ಇದೇ ನಮೂನೆ ಸಾಕು.

ಸಾಮಗ್ರಿಗಳ ಕ್ಲೇಮ್ ಮತ್ತು ಹಳೆಯ ಚಾರ್ಟ್‌ಗಳು

ರೋಗಿ ಇನ್ಸುಲಿನ್ ಬಳಸುತ್ತಾರೋ ಇಲ್ಲವೋ ಎಂಬುದು ಅಮೆರಿಕದ ಸರ್ಕಾರಿ ಆರೋಗ್ಯವಿಮೆಯಾದ ಮೆಡಿಕೇರ್‌ನಲ್ಲಿ ಸಾಮಗ್ರಿಗಳ ಪ್ರಮಾಣವನ್ನೂ ನಿರ್ಧರಿಸುತ್ತದೆ. ಸಕ್ಕರೆ ಪರೀಕ್ಷೆಯ ಸ್ಟ್ರಿಪ್‌ಗಳ ಕೋಡ್ ಎ4253. 50 ಸ್ಟ್ರಿಪ್‌ಗಳಿಗೆ ಒಂದು ಯೂನಿಟ್. ಇನ್ಸುಲಿನ್ ಬಳಸುವವರಿಗೆ ಕೆಎಕ್ಸ್ ಮಾಡಿಫೈಯರ್ (ಕೋಡ್‌ಗೆ ಜೋಡಿಸುವ ಗುರುತು), ಬಳಸದವರಿಗೆ ಕೆಎಸ್. ಮೊದಲನೆಯವರಿಗೆ ಸಾಮಾನ್ಯವಾಗಿ ಮೂರು ತಿಂಗಳಿಗೆ 300 ಸ್ಟ್ರಿಪ್‌ಗಳು, ಎರಡನೆಯವರಿಗೆ 100. ಕ್ಲೇಮ್‌ನಲ್ಲಿ ಕೆಎಕ್ಸ್ ಇದ್ದು ಚಾರ್ಟ್‌ನಲ್ಲಿ ಇನ್ಸುಲಿನ್‌ನ ಸುಳಿವೇ ಇಲ್ಲದಿದ್ದರೆ ಪ್ರಶ್ನೆ ಏಳುವುದು ಖಚಿತ. 2023ರ ಏಪ್ರಿಲ್‌ನಿಂದ ಚರ್ಮಕ್ಕೆ ಅಂಟಿಸುವ ನಿರಂತರ ಗ್ಲುಕೋಸ್ ಮಾನಿಟರ್‌ಗೂ ಇನ್ಸುಲಿನ್ ಚಿಕಿತ್ಸೆಯಲ್ಲಿರುವುದು, ಇಲ್ಲವೇ ತೊಂದರೆ ಕೊಡುವ ಹೈಪೊಗ್ಲೈಸೀಮಿಯಾದ ಇತಿಹಾಸವಿರುವುದು ಒಂದು ಅರ್ಹತೆಯಾಗಿದೆ. ಇಂಥ ಕ್ಲೇಮ್‌ಗಳಲ್ಲಿ ಝಡ್79.4 ಬಿಟ್ಟುಹೋದರೆ ರೋಗಿಗೆ ಸಲ್ಲಬೇಕಾದದ್ದು ತಡವಾಗುತ್ತದೆ.

ಹಳೆಯ ಚಾರ್ಟ್‌ಗಳನ್ನು ಮರುಪರಿಶೀಲಿಸುವವರು ಇಂದಿನ ನಿಯಮವನ್ನು ಅಂದಿನ ಕ್ಲೇಮ್‌ಗೆ ಹಚ್ಚಬಾರದು. ಹೊರರೋಗಿಗಾದರೆ ಸೇವೆ ನೀಡಿದ ದಿನಾಂಕ, ಒಳರೋಗಿಗಾದರೆ ಡಿಸ್ಚಾರ್ಜ್ ದಿನಾಂಕ ಯಾವ ಆವೃತ್ತಿಗೆ ಸೇರುತ್ತದೋ ಆ ಆವೃತ್ತಿಯೇ ಅನ್ವಯಿಸುತ್ತದೆ. ಝಡ್79.84 ಬಂದದ್ದು 2016ರ ಅಕ್ಟೋಬರ್ 1ರಂದು. 2021ರ ಅಕ್ಟೋಬರ್ 1ಕ್ಕೂ ಮೊದಲು ಇನ್ಸುಲಿನ್ ಮತ್ತು ಮಾತ್ರೆ ಎರಡೂ ಇದ್ದವರಿಗೆ ಝಡ್79.4 ಒಂದನ್ನೇ ಕೊಡಬೇಕಿತ್ತು. ಆ ಕಾಲದ ಕ್ಲೇಮ್‌ನಲ್ಲಿ ಝಡ್79.84 ಇಲ್ಲದಿರುವುದು ತಪ್ಪಲ್ಲ. ಝಡ್79.85 ಚಾಲ್ತಿಗೆ ಬಂದದ್ದು 2022ರ ಅಕ್ಟೋಬರ್ 1ರಂದು, ಅದಕ್ಕೆ ಮೊದಲು ಲಿರಾಗ್ಲುಟೈಡ್‌ನಂಥ ಇಂಜೆಕ್ಷನ್‌ಗಳಿಗೆ ಇತರ ಔಷಧಿಗಳ ದೀರ್ಘಕಾಲದ ಬಳಕೆಯನ್ನು ಸೂಚಿಸುವ ಝಡ್79.899 ಬಳಕೆಯಲ್ಲಿತ್ತು. ಪ್ರತಿ ವರ್ಷ ಅಕ್ಟೋಬರ್ 1ರಂದು ಹೊಸ ಆವೃತ್ತಿ ಜಾರಿಗೆ ಬರುತ್ತದೆ, ಏಪ್ರಿಲ್ 1ರಂದೂ ಕೆಲವೊಮ್ಮೆ ಬದಲಾವಣೆಗಳಿರುತ್ತವೆ. ಸೆಪ್ಟೆಂಬರ್ ಕೊನೆಯಲ್ಲಿ ದಾಖಲಾಗಿ ಅಕ್ಟೋಬರ್ ಮೊದಲ ವಾರದಲ್ಲಿ ಡಿಸ್ಚಾರ್ಜ್ ಆದ ಚಾರ್ಟ್ ಕೈಗೆ ಬಂದರೆ, ಸಾಫ್ಟ್‌ವೇರ್ ಯಾವ ಆವೃತ್ತಿಯನ್ನು ತೆರೆದಿದೆ ಎಂದು ಮೊದಲು ನೋಡಿ, ಆಮೇಲೆ ಓದಲು ತೊಡಗಿ.